ಲೆಕ್ಕಕ್ಕೆ ಸಿಗದ ಐವರು: ಅಮೆರಿಕನ್ ಫುಟ್‌ಬಾಲ್‌ನ ಲೈನ್‌ಮನ್ ಮತ್ತು ಅವನ ದೇಹದ ಬೆಲೆ

2017ರ ಅಕ್ಟೋಬರ್ 22ರ ಭಾನುವಾರ, ಅಮೆರಿಕದ ಕ್ಲೀವ್‌ಲ್ಯಾಂಡ್ ನಗರದಲ್ಲಿ ಅಲ್ಲಿನ ಬ್ರೌನ್ಸ್ ತಂಡವು ಟೆನ್ನೆಸ್ಸೀ ಟೈಟನ್ಸ್ ಎದುರು ಆಡುತ್ತಿದ್ದಾಗ, ಜೋ ಥಾಮಸ್ ಎಂಬ ದೈತ್ಯಕಾಯದ ಆಟಗಾರ ಎಡತೋಳನ್ನು ಹಿಡಿದುಕೊಂಡು ಮೈದಾನದಿಂದ ಹೊರನಡೆದರು. ತೋಳಿನ ಹಿಂಬದಿಯ ಟ್ರೈಸೆಪ್ಸ್ ಸ್ನಾಯು ಹರಿದಿತ್ತು. ಚೆಂಡು ಆಟಕ್ಕೆ ಬರುವ ಪ್ರತಿ ಸಲವನ್ನೂ ಆ ಆಟದಲ್ಲಿ ‘ಸ್ನ್ಯಾಪ್’ ಎನ್ನುತ್ತಾರೆ. 2007ರಲ್ಲಿ ವೃತ್ತಿಪರ ಲೀಗ್ ಸೇರಿದ ದಿನದಿಂದ ಆ ಮಧ್ಯಾಹ್ನದವರೆಗೆ ಥಾಮಸ್ ತಮ್ಮ ತಂಡದ ಒಂದೇ ಒಂದು ಸ್ನ್ಯಾಪನ್ನೂ ತಪ್ಪಿಸಿಕೊಂಡಿರಲಿಲ್ಲ. ಸತತ 10,363 ಬಾರಿ ಅವರು ಅದೇ ಜಾಗದಲ್ಲಿ ಬಗ್ಗಿ ನಿಂತಿದ್ದರು, ಅಷ್ಟೂ ಬಾರಿ ಎದುರಿನವನಿಗೆ ಮೈಯೊಡ್ಡಿದ್ದರು. ಪತ್ರಿಕೆಗಳು ಅವರ ಹಿರಿಮೆಯನ್ನು ಹೇಳಲು ಮುಖ್ಯವಾಗಿ ಬಳಸಿದ ಅಂಕಿ ಅದೇ. ಹನ್ನೊಂದು ವರ್ಷ ಆಡಿದವನ ಸಾಧನೆಯೆಂದು ತೋರಿಸಲು ಒಂದು ಹಾಜರಿ ಪುಸ್ತಕದ ಹೊರತು ಬೇರೇನೂ ಕೈಗೆ ಸಿಗಲಿಲ್ಲ ಎಂಬುದರಲ್ಲೇ ಈ ಕಸುಬಿನ ಸ್ವರೂಪವಿದೆ.

ಥಾಮಸ್ ನಿಲ್ಲುತ್ತಿದ್ದ ಸಾಲಿಗೆ ಆಫೆನ್ಸಿವ್ ಲೈನ್ ಎಂದು ಹೆಸರು. ಅಲ್ಲಿ ಆಡುವವನು ಲೈನ್‌ಮನ್. ನಮಗೆ ಲೈನ್‌ಮನ್ ಎಂದೊಡನೆ ವಿದ್ಯುತ್ ಕಂಬ ಹತ್ತುವ ನೌಕರ ಕಣ್ಣಮುಂದೆ ಬರುತ್ತಾನೆ, ಮತ್ತು ಊರಿಗೆ ಅವನ ನೆನಪಾಗುವುದು ಕರೆಂಟ್ ಹೋದಾಗ. ಹೆಸರಿನ ಈ ಹೊಂದಿಕೆ ಆಕಸ್ಮಿಕ, ಆದರೆ ಮೈದಾನದ ಲೈನ್‌ಮನ್‌ನ ಪಾಡೂ ಹೆಚ್ಚುಕಡಿಮೆ ಅದೇ.

ಆಟದ ವಿವರ ತಿಳಿಯದವರಿಗಾಗಿ ಒಂದೆರಡು ಮಾತು. ಪ್ರತಿ ತಂಡದಿಂದ 11 ಮಂದಿ ಮೈದಾನದಲ್ಲಿರುತ್ತಾರೆ. ಚೆಂಡು ಹೊಂದಿರುವ ತಂಡಕ್ಕೆ ನಾಲ್ಕು ಅವಕಾಶಗಳಿರುತ್ತವೆ. ಅಷ್ಟರೊಳಗೆ 10 ಗಜ ಮುಂದೆ ಸಾಗಿದರೆ ಮತ್ತೆ ನಾಲ್ಕು ಅವಕಾಶ. ಚೆಂಡನ್ನು ಎಸೆಯಬೇಕೇ, ಓಡುವವನ ಕೈಗೆ ಕೊಡಬೇಕೇ ಎಂಬುದನ್ನು ನಡೆಸಿಕೊಡುವವನು ಕ್ವಾರ್ಟರ್‌ಬ್ಯಾಕ್. ಅವನ ಮುಂದೆ ಐವರು ಸಾಲಾಗಿ ನಿಲ್ಲುತ್ತಾರೆ: ನಡುವೆ ಸೆಂಟರ್, ಅವನ ಎರಡೂ ಪಕ್ಕದಲ್ಲಿ ಗಾರ್ಡ್‌ಗಳು, ತುದಿಗಳಲ್ಲಿ ಟ್ಯಾಕಲ್‌ಗಳು. ಸಾಮಾನ್ಯವಾಗಿ ಈ ಐವರು ಮುಂದಕ್ಕೆ ಎಸೆದ ಚೆಂಡನ್ನು ಹಿಡಿಯುವಂತಿಲ್ಲ, ಎಸೆತಕ್ಕೆ ಮೊದಲು ಗೆರೆ ದಾಟಿ ಓಡುವಂತಿಲ್ಲ, ಎದುರಾಳಿಯ ಅಂಗಿಯನ್ನು ಹಿಡಿದು ಎಳೆಯುವಂತಿಲ್ಲ. ಇಷ್ಟೆಲ್ಲ ನಿಷೇಧಗಳ ನಡುವೆ ಅವರು ಮಾಡಬೇಕಾದದ್ದು ಒಂದೇ ಕೆಲಸ, ಎದುರಿನವನು ಕ್ವಾರ್ಟರ್‌ಬ್ಯಾಕ್ ಬಳಿಗೆ ಹೋಗದಂತೆ ಅಥವಾ ಓಡುವವನ ದಾರಿಗೆ ಅಡ್ಡ ಬರದಂತೆ ನೋಡಿಕೊಳ್ಳುವುದು.

ಹೊರಗಿನಿಂದ ನೋಡಿದರೆ ಅದು ದನಗಳ ತಳ್ಳಾಟದಂತೆ ಕಾಣುತ್ತದೆ. ಹತ್ತಿರದಿಂದ ನೋಡಿದಾಗ ಬೇರೆಯೇ ಕಾಣುತ್ತದೆ. ಎದುರಾಳಿಯ ಊರಿನ ಕ್ರೀಡಾಂಗಣದಲ್ಲಿ ಗದ್ದಲ ಎಷ್ಟಿರುತ್ತದೆಂದರೆ ಕ್ವಾರ್ಟರ್‌ಬ್ಯಾಕ್ ಕೂಗಿದ್ದು ನಾಲ್ಕು ಹೆಜ್ಜೆ ಮುಂದಿರುವ ಸೆಂಟರ್‌ಗೆ ಕೇಳಿಸುವುದಿಲ್ಲ. ಆಗ ಗಾರ್ಡ್ ಹಿಂದಿರುಗಿ ನೋಡುತ್ತಾನೆ. ಕ್ವಾರ್ಟರ್‌ಬ್ಯಾಕ್ ಕಾಲೆತ್ತಿ ಸನ್ನೆ ಮಾಡಿದಾಗ ಸೆಂಟರ್‌ನ ತೊಡೆಯನ್ನು ತಟ್ಟುತ್ತಾನೆ. ಸೆಂಟರ್ ಒಮ್ಮೆ ತಲೆಯೆತ್ತಿ, ಮನಸ್ಸಿನಲ್ಲೇ ಎಣಿಸಿ, ಚೆಂಡನ್ನು ಕಾಲುಗಳ ನಡುವಿನಿಂದ ಹಿಂದಕ್ಕೆ ಕಳಿಸುತ್ತಾನೆ. ಐವರೂ ಅದೇ ಎಣಿಕೆಯಲ್ಲಿ ಅಲುಗಬೇಕು. ಒಬ್ಬ ಅರೆಕ್ಷಣ ಮೊದಲು ಮಿಸುಕಿದರೆ 5 ಗಜದ ದಂಡ, ಅರೆಕ್ಷಣ ತಡವಾದರೆ ಎದುರಿನವನು ಪಕ್ಕದಿಂದ ನುಗ್ಗಿಬಿಡುತ್ತಾನೆ. ತುದಿಯಲ್ಲಿರುವ ಟ್ಯಾಕಲ್ 140 ಕಿಲೋ ತೂಗುವ ದೇಹವನ್ನು ಹಿಮ್ಮುಖವಾಗಿ, ಒಂದು ಕಾಲನ್ನು ಒದೆಯುವಂತೆ ಹಿಂದಕ್ಕೆ ಹಾಕುತ್ತ ಜಾರಿಸಿಕೊಂಡು ಹೋಗಬೇಕು. ಅವನಿಗಿಂತ 20 ಕಿಲೋ ಹಗುರವಾದ, ಅವನಿಗಿಂತ ಬಹಳ ವೇಗದ ಎದುರಾಳಿ ಮುಮ್ಮುಖವಾಗಿ ಓಡಿಬರುತ್ತಿರುತ್ತಾನೆ. ಕೈ ಮೊದಲು ಚಾಚಿದರೆ ಅವನು ಅದನ್ನು ತಟ್ಟಿ ಬೀಳಿಸುತ್ತಾನೆ, ತಡವಾಗಿ ಚಾಚಿದರೆ ಎದೆಯೊಳಗೆ ನುಗ್ಗುತ್ತಾನೆ. ಈ ಎಲ್ಲ ತೀರ್ಮಾನಕ್ಕೂ ಇರುವ ಕಾಲ ಎರಡೂವರೆಯಿಂದ ಮೂರು ಸೆಕೆಂಡ್. ಒಂದು ಪಂದ್ಯದಲ್ಲಿ ಇಂಥದ್ದು ಅರವತ್ತು, ಎಪ್ಪತ್ತು ಬಾರಿ ಬರುತ್ತದೆ. ಎದುರು ತಂಡದವರು ದಣಿದಂತೆ ಒಬ್ಬರ ಬದಲು ಇನ್ನೊಬ್ಬರನ್ನು ಕಳಿಸುತ್ತಾರೆ. ಈ ಐವರು ಮಾತ್ರ ಗಾಯವಾಗದ ಹೊರತು ಕೊನೆಯವರೆಗೂ ಅವರೇ, ಏಕೆಂದರೆ ಒಬ್ಬ ಬದಲಾದರೂ ಸಾಲಿನ ಹೊಂದಾಣಿಕೆ ಕೆಡುತ್ತದೆ.

ಇಷ್ಟು ದುಡಿದದ್ದಕ್ಕೆ ಅಂಕಪಟ್ಟಿಯಲ್ಲಿ ಜಾಗವಿಲ್ಲ. ಎಸೆದವನಿಗೆ ಗಜಗಳ ಲೆಕ್ಕವಿದೆ, ಹಿಡಿದವನಿಗಿದೆ, ಓಡಿದವನಿಗಿದೆ. ಕ್ವಾರ್ಟರ್‌ಬ್ಯಾಕನ್ನು ಚೆಂಡಿನ ಸಮೇತ ಕೆಡವುವುದನ್ನು ‘ಸ್ಯಾಕ್’ ಎಂದು 1982ರಿಂದ ಲೀಗ್ ಅಧಿಕೃತವಾಗಿ ಎಣಿಸುತ್ತಿದೆ, ಆದರೆ ಅದು ಕೆಡವಿದವನ ಖಾತೆಗೆ ಸೇರುತ್ತದೆ. ಕೆಡವಲು ಬಿಡದೆ ಸಾವಿರ ಸಲ ತಡೆದವನ ಖಾತೆಯೇ ಇಲ್ಲ. ಲೈನ್‌ಮನ್ ಹಿಡಿದು ಎಳೆದು 10 ಗಜದ ದಂಡ ತಂದಾಗ ಮಾತ್ರ ಅಂಪೈರಿಂಗ್ ತಂಡದ ಮುಖ್ಯಸ್ಥ ಮೈಕ್‌ನಲ್ಲಿ ಅವನ ಅಂಗಿಯ ಸಂಖ್ಯೆಯನ್ನು ಇಡೀ ಕ್ರೀಡಾಂಗಣಕ್ಕೆ ಕೇಳುವಂತೆ ಸಾರುತ್ತಾನೆ. ಥಾಮಸ್ ತಾವಾಡಿದ ಮೊದಲ ಹತ್ತು ಋತುಗಳಲ್ಲಿ ಹತ್ತೂ ಬಾರಿ ತಾರಾಪಂದ್ಯವಾದ ಪ್ರೋಬೌಲ್‌ಗೆ ಆಯ್ಕೆಯಾದರು. ಇಡೀ ವೃತ್ತಿಜೀವನದಲ್ಲಿ ಅವರ ಹಿಂದೆ 20 ಮಂದಿ ಬೇರೆ ಬೇರೆ ಕ್ವಾರ್ಟರ್‌ಬ್ಯಾಕ್‌ಗಳು ಪಂದ್ಯ ಆರಂಭಿಸಿದರು, ಆರು ಮಂದಿ ಮುಖ್ಯ ತರಬೇತುದಾರರು ಬಂದುಹೋದರು. ಅವರು ಆಡಿದ 167 ಪಂದ್ಯಗಳಲ್ಲಿ ತಂಡ ಗೆದ್ದದ್ದು 48, ಸೋತದ್ದು 119. ಒಮ್ಮೆಯೂ ಪ್ಲೇಆಫ್ ಹಂತಕ್ಕೆ ಹೋಗಲಿಲ್ಲ. ಒಬ್ಬ ಲೈನ್‌ಮನ್ ಎಷ್ಟೇ ಶ್ರೇಷ್ಠನಾಗಿರಲಿ, ಅವನೊಬ್ಬನಿಂದ ಪಂದ್ಯ ಗೆಲ್ಲಲಾಗುವುದಿಲ್ಲ; ಅವನಿಲ್ಲದೆ ಹೋದರೆ ಸೋಲುವುದು ಮಾತ್ರ ಖಚಿತ.

ಆ ಎರಡನೆಯ ಮಾತಿಗೆ ಸಾಕ್ಷಿ ಬೇಕಾದರೆ ಕ್ಯಾನ್ಸಸ್ ಸಿಟಿ ಚೀಫ್ಸ್ ತಂಡದ ಕೆಲವು ವರ್ಷಗಳನ್ನು ನೋಡಬೇಕು. 2021ರ ಫೆಬ್ರವರಿಯ ಸೂಪರ್‌ಬೌಲ್ ಫೈನಲ್‌ಗೆ ಬರುವಷ್ಟರಲ್ಲಿ ಆ ತಂಡದ ಎರಡೂ ತುದಿಯ ಟ್ಯಾಕಲ್‌ಗಳಾದ ಎರಿಕ್ ಫಿಶರ್ ಮತ್ತು ಮಿಚೆಲ್ ಶ್ವಾರ್ಟ್ಸ್ ಗಾಯಗೊಂಡಿದ್ದರು. ಗಾರ್ಡ್ ಲೋರಾಂ ಡುವೆರ್ನೇ-ಟಾರ್ಡಿಫ್ ವೈದ್ಯಕೀಯ ಪದವೀಧರರಾಗಿದ್ದು, ಕೋವಿಡ್ ಕಾಲದಲ್ಲಿ ಆ ಋತುವನ್ನೇ ಬಿಟ್ಟು ಮಾಂಟ್ರಿಯಲ್ ಬಳಿಯ ವೃದ್ಧರ ಆರೈಕೆ ಕೇಂದ್ರದಲ್ಲಿ ಸೇವೆಗೆ ಹೋಗಿದ್ದರು. ಆ ರಾತ್ರಿ ಲೀಗ್‌ನ ಅತ್ಯುತ್ತಮ ಕ್ವಾರ್ಟರ್‌ಬ್ಯಾಕ್ ಪ್ಯಾಟ್ರಿಕ್ ಮಹೋಮ್ಸ್ ಜೀವ ಉಳಿಸಿಕೊಳ್ಳುವವರಂತೆ ಮೈದಾನವಿಡೀ ಓಡಿದರು, ತಂಡ 31-9ರಿಂದ ಸೋತಿತು. ಅದಾದ ಮುಂದಿನ ತಿಂಗಳೇ ಚೀಫ್ಸ್ ಆಡಳಿತ ಫಿಶರ್ ಮತ್ತು ಶ್ವಾರ್ಟ್ಸ್ ಇಬ್ಬರನ್ನೂ ಒಂದೇ ದಿನ ತಂಡದಿಂದ ತೆಗೆದುಹಾಕಿತು. ಇಬ್ಬರೂ ಅದರ ಹಿಂದಿನ ವರ್ಷ ಅದೇ ತಂಡಕ್ಕೆ 50 ವರ್ಷಗಳ ಬಳಿಕ ಪ್ರಶಸ್ತಿ ತಂದುಕೊಟ್ಟ ಸಾಲಿನವರು. ಶ್ವಾರ್ಟ್ಸ್ ಬೆನ್ನುನೋವಿನಿಂದ ಮತ್ತೆಂದೂ ಆಡಲಿಲ್ಲ. ಅವರಿಲ್ಲದಿದ್ದಾಗ ಏನಾಗುತ್ತದೆಂದು ಇಡೀ ಜಗತ್ತಿಗೆ ತಿಳಿದ ಒಂದೇ ತಿಂಗಳಲ್ಲಿ ಅವರಿಗೆ ಕೆಲಸ ಹೋಯಿತು ಎಂಬುದನ್ನು ನಾನು ಈ ಕಸುಬಿನ ಅತ್ಯಂತ ಕಹಿಯಾದ ಸಂಗತಿಗಳಲ್ಲಿ ಒಂದೆಂದು ಎಣಿಸುತ್ತೇನೆ. ತಂಡವೇನೋ ಪಾಠ ಕಲಿತಿತು. ಹೊಸ ಸಾಲು ಕಟ್ಟಿ, 2023ರ ಫೈನಲ್‌ನಲ್ಲಿ ಆ ಋತುವಿನಲ್ಲಿ 70 ಸ್ಯಾಕ್ ಮಾಡಿದ್ದ ಫಿಲಡೆಲ್ಫಿಯಾ ಈಗಲ್ಸ್‌ಗೆ ಒಂದೂ ಸ್ಯಾಕ್ ಸಿಗದಂತೆ ತಡೆದು 38-35ರಿಂದ ಗೆದ್ದಿತು. 2025ರ ಫೆಬ್ರವರಿಯಲ್ಲಿ ಅದೇ ಎರಡು ತಂಡಗಳು ಮತ್ತೆ ಎದುರಾದವು. ಆಗ ಚೀಫ್ಸ್ ಎಡತುದಿಯಲ್ಲಿ ನಿಲ್ಲಲು ತಕ್ಕ ಟ್ಯಾಕಲ್ ಸಿಗದೆ ಗಾರ್ಡ್ ಜೋ ಥೂನಿಯನ್ನು ಅಲ್ಲಿಗೆ ಸರಿಸಿತ್ತು. ಮಹೋಮ್ಸ್ ಆರು ಬಾರಿ ನೆಲಕ್ಕುರುಳಿದರು, ತಂಡ 40-22ರಿಂದ ಸೋತಿತು.

ಈ ತಿಳಿವಳಿಕೆ ಹಣವಾಗಿ ಬದಲಾಗಲು ಬಹಳ ಕಾಲ ಹಿಡಿಯಿತು. 1985ರ ನವೆಂಬರ್ 18ರ ರಾತ್ರಿ ವಾಷಿಂಗ್ಟನ್ ತಂಡದ ಕ್ವಾರ್ಟರ್‌ಬ್ಯಾಕ್ ಜೋ ಥೈಸ್‌ಮನ್ ಅವರ ಕಾಲಿನ ಮೂಳೆಗಳು ನ್ಯೂಯಾರ್ಕ್ ಜೈಂಟ್ಸ್‌ನ ಲಾರೆನ್ಸ್ ಟೇಲರ್ ಅಡಿಯಲ್ಲಿ ಮುರಿದದ್ದನ್ನು ದೇಶವೇ ದೂರದರ್ಶನದಲ್ಲಿ ನೋಡಿತು. ಬಲಗೈಯಲ್ಲಿ ಎಸೆಯುವವನಿಗೆ ಬೆನ್ನಹಿಂದೆ ಎಡಬದಿಯಿಂದ ಬರುವವನು ಕಾಣುವುದಿಲ್ಲ. ಆ ಬದಿಯನ್ನು ಕಾಯುವ ಎಡ ಟ್ಯಾಕಲ್‌ನ ಮಹತ್ವ ಟೇಲರ್‌ನಂಥವರ ಕಾಲದಲ್ಲಿ ಎಲ್ಲರಿಗೂ ಮನವರಿಕೆಯಾಯಿತು. 1993ರಲ್ಲಿ ಆಟಗಾರರಿಗೆ ಒಪ್ಪಂದ ಮುಗಿದ ಮೇಲೆ ಬೇರೆ ತಂಡಕ್ಕೆ ಹೋಗುವ ಸ್ವಾತಂತ್ರ್ಯ ಸಿಕ್ಕಾಗ ಆ ಮಹತ್ವಕ್ಕೆ ಬೆಲೆ ಬಂದಿತು. 2024ರ ಏಪ್ರಿಲ್‌ನಲ್ಲಿ ಡೆಟ್ರಾಯ್ಟ್ ಲಯನ್ಸ್ ತನ್ನ ಬಲತುದಿಯ ಪೆನೇ ಸೂಯೆಲ್ ಅವರಿಗೆ ನಾಲ್ಕು ವರ್ಷಕ್ಕೆ 11.2 ಕೋಟಿ ಡಾಲರ್ ಕೊಟ್ಟಿತು. 2025ರ ಜುಲೈನಲ್ಲಿ ಲಾಸ್ ಏಂಜಲೀಸ್ ಚಾರ್ಜರ್ಸ್ ತಂಡ ರಶಾನ್ ಸ್ಲೇಟರ್ ಜತೆ ನಾಲ್ಕು ವರ್ಷಕ್ಕೆ 11.4 ಕೋಟಿ ಡಾಲರ್‌ಗೆ ಸಹಿ ಹಾಕಿತು. ವರ್ಷಕ್ಕೆ ಸುಮಾರು 250 ಕೋಟಿ ರೂಪಾಯಿ. ಸಹಿ ಒಣಗಿ ಎರಡು ವಾರವೂ ಆಗಿರಲಿಲ್ಲ, ಅಭ್ಯಾಸದ ವೇಳೆ ಸ್ಲೇಟರ್ ಅವರ ಮಂಡಿಚಿಪ್ಪಿನ ಸ್ನಾಯುರಜ್ಜು ಹರಿದು ಇಡೀ ಋತು ಕೈತಪ್ಪಿತು. ಒಪ್ಪಂದದ ಬಹುಪಾಲು ಹಣಕ್ಕೆ ಖಾತರಿ ಇದ್ದುದರಿಂದ ಅವರು ಬಚಾವಾದರು. ಜುಲೈಗೆ ಬದಲು ಆಗಸ್ಟ್ ಕೊನೆಗೆ ಸಹಿಯಾಗಬೇಕಿದ್ದಿದ್ದರೆ ಏನಾಗುತ್ತಿತ್ತು ಎಂಬುದನ್ನು ಲೀಗ್‌ನ ಪ್ರತಿ ಲೈನ್‌ಮನ್ ಯೋಚಿಸಿರುತ್ತಾನೆ.

ಅಂಥ ಮೊತ್ತ ಕಾಣುವವರು ಬೆರಳೆಣಿಕೆಯ ಮಂದಿ. ಬೇಸ್‌ಬಾಲ್ ಅಥವಾ ಬ್ಯಾಸ್ಕೆಟ್‌ಬಾಲ್‌ನಲ್ಲಿರುವಂತೆ ಇಲ್ಲಿ ಒಪ್ಪಂದದ ಪೂರ್ತಿ ಹಣ ಸಾಮಾನ್ಯವಾಗಿ ಖಾತರಿಯಲ್ಲ. ತಂಡ ತೆಗೆದುಹಾಕಿದರೆ ಉಳಿದ ವರ್ಷಗಳ ಸಂಬಳವೂ ಹೋಗುತ್ತದೆ. ಒಬ್ಬ ಆಟಗಾರನ ವೃತ್ತಿಜೀವನ ಸರಾಸರಿ 3.3 ವರ್ಷ ಎಂದು ಆಟಗಾರರ ಸಂಘ ಬಹುಕಾಲದಿಂದ ಹೇಳುತ್ತ ಬಂದಿದೆ. ಲೀಗ್ ಆ ಲೆಕ್ಕವನ್ನು ಒಪ್ಪುವುದಿಲ್ಲ, ಋತು ಆರಂಭದಲ್ಲಿ ತಂಡದಲ್ಲಿ ಜಾಗ ಪಡೆದವರನ್ನಷ್ಟೇ ಎಣಿಸಿದರೆ ಅದು ಹೆಚ್ಚಾಗುತ್ತದೆ ಎನ್ನುತ್ತದೆ. ಯಾವ ಲೆಕ್ಕ ಹಿಡಿದರೂ ಪಿಂಚಣಿಗೆ ಬೇಕಾದ ಮೂರು ಋತು ಪೂರೈಸುವುದೇ ಬಹುಮಂದಿಗೆ ಗುರಿಯಾಗಿರುತ್ತದೆ.

ಸಾಲಿಗೆ ಬರುವ ದಾರಿಗಳೂ ವಿಚಿತ್ರ. ಥಾಮಸ್ ವಿಸ್ಕಾನ್ಸಿನ್ ರಾಜ್ಯದವರು, ಅಲ್ಲಿನ ವಿಶ್ವವಿದ್ಯಾಲಯಕ್ಕೇ ಆಡಿದವರು. 2007ರಲ್ಲಿ, ತಂಡಗಳು ಹೊಸ ಆಟಗಾರರನ್ನು ಸರದಿಯಂತೆ ಆರಿಸಿಕೊಳ್ಳುವ ಡ್ರಾಫ್ಟ್‌ನಲ್ಲಿ ಮೂರನೆಯವರಾಗಿ ಆಯ್ಕೆಯಾದ ದಿನ ಅವರು ನ್ಯೂಯಾರ್ಕ್‌ನ ವೇದಿಕೆಯಲ್ಲಿರಲಿಲ್ಲ. ಮಿಷಿಗನ್ ಸರೋವರದಲ್ಲಿ ತಂದೆಯ ಜತೆ ದೋಣಿಯಲ್ಲಿ ಮೀನು ಹಿಡಿಯುತ್ತಿದ್ದರು. ಈಗಲ್ಸ್‌ನ ಸೆಂಟರ್ ಜೇಸನ್ ಕೆಲ್ಸಿ ಕಾಲೇಜಿಗೆ ಶಿಷ್ಯವೇತನವಿಲ್ಲದೆ ಸೇರಿ, 2011ರಲ್ಲಿ 191ನೆಯವರಾಗಿ ಆಯ್ಕೆಯಾಗಿ, ಸತತ 156 ಪಂದ್ಯ ಆರಂಭಿಸಿ 2024ರಲ್ಲಿ ನಿವೃತ್ತರಾದರು. ಅವರ ತಂಡದ ಎಡ ಟ್ಯಾಕಲ್ ಜೋರ್ಡನ್ ಮೈಲಾಟಾ ಸಿಡ್ನಿಯಲ್ಲಿ ರಗ್ಬಿ ಲೀಗ್ ಆಡುತ್ತಿದ್ದ ಹುಡುಗ. 2018ರಲ್ಲಿ 233ನೆಯವರಾಗಿ ಆಯ್ಕೆಯಾದಾಗ ಅವರು ಜೀವಮಾನದಲ್ಲಿ ಒಂದೂ ಅಮೆರಿಕನ್ ಫುಟ್‌ಬಾಲ್ ಪಂದ್ಯ ಆಡಿರಲಿಲ್ಲ. ಆರು ಅಡಿ ಎಂಟು ಅಂಗುಲ ಎತ್ತರ, 150 ಕಿಲೋ ಮೀರಿದ ತೂಕ, ಆ ಗಾತ್ರಕ್ಕೆ ಮೀರಿದ ಚುರುಕು ಇವಿಷ್ಟೇ ಬಂಡವಾಳ. ಮೊದಲ ಎರಡು ಋತು ಒಂದೂ ಪಂದ್ಯಕ್ಕಿಳಿಯದೆ, ಜೆಫ್ ಸ್ಟೌಟ್‌ಲ್ಯಾಂಡ್ ಎಂಬ ಕಟ್ಟುನಿಟ್ಟಿನ ತರಬೇತುದಾರರ ಬಳಿ ಹೆಜ್ಜೆ ಹಾಕುವುದನ್ನೇ ಕಲಿತರು. 2025ರ ಫೈನಲ್ ಗೆದ್ದ ಸಾಲಿನ ಎಡತುದಿಯಲ್ಲಿ ನಿಂತಿದ್ದವರು ಅವರೇ. ದೇಹವನ್ನು ಮೊದಲು ಕೊಂಡು ಆಟವನ್ನು ಆಮೇಲೆ ಕಲಿಸಬಹುದು ಎಂಬುದಕ್ಕೆ ಇದಕ್ಕಿಂತ ಸ್ಪಷ್ಟ ಉದಾಹರಣೆ ನನಗೆ ತಿಳಿದಿಲ್ಲ.

ಆ ದೇಹದ ವಿಷಯಕ್ಕೆ ಬರೋಣ, ಏಕೆಂದರೆ ಈ ಕಸುಬಿನ ನಿಜವಾದ ಪ್ರಶ್ನೆ ಅಲ್ಲಿದೆ. 1970ರ ಸುಮಾರಿಗೆ ಇಡೀ ಲೀಗ್‌ನಲ್ಲಿ 300 ಪೌಂಡ್, ಅಂದರೆ 136 ಕಿಲೋ ಮುಟ್ಟಿದವರು ತೀರ ಅಪರೂಪ. ಈಗ ಲೈನ್‌ಮನ್ ಆಗಲು ಅದು ಕನಿಷ್ಠ ಅರ್ಹತೆಯಂತಾಗಿದೆ. ಈ ಬದಲಾವಣೆಗೆ ಒಂದು ಮುಖ್ಯ ಕಾರಣ 1978ರ ನಿಯಮ. ಅಲ್ಲಿಯವರೆಗೆ ತಡೆಯುವವನು ಕೈಗಳನ್ನು ಎದೆಗೆ ಹತ್ತಿರ ಇಟ್ಟುಕೊಂಡು ಭುಜದಿಂದ, ಮೊಣಕೈಯಿಂದ ತಡೆಯಬೇಕಿತ್ತು. ಎಸೆತದ ಆಟ ಹೆಚ್ಚಲಿ ಎಂದು ಲೀಗ್ ಆ ವರ್ಷ ತೋಳು ಚಾಚಿ ಅಂಗೈ ಬಿಚ್ಚಿ ತಳ್ಳಲು ಅವಕಾಶ ಕೊಟ್ಟಿತು. ಉದ್ದ ತೋಳು, ಭಾರದ ಮೈ ಇದ್ದವನಿಗೆ ಅದರಿಂದ ಲಾಭವಾಯಿತು; ತಂಡಗಳು ಅಂಥವರನ್ನೇ ಹುಡುಕಿದವು, ಸಿಗದಿದ್ದರೆ ಉಣಿಸಿ ಬೆಳೆಸಿದವು.

ಹಾಗೆ ಬೆಳೆಸುವುದೆಂದರೇನು ಎಂಬುದನ್ನು ಥಾಮಸ್ ನಿವೃತ್ತಿಯ ನಂತರ ಮುಚ್ಚುಮರೆಯಿಲ್ಲದೆ ವಿವರಿಸಿದ್ದಾರೆ. ಬೆಳಗಿನ ತಿಂಡಿಗೆ ಎಂಟು ಮೊಟ್ಟೆ, ಹಂದಿಮಾಂಸದ ತುಂಡುಗಳು, ಸಾಸೇಜ್, ಪ್ಯಾನ್‌ಕೇಕ್, ಓಟ್ಸ್ ಗಂಜಿ. ಊಟಕ್ಕೆ ಪಾಸ್ತಾ ಮತ್ತು ಮಾಂಸದುಂಡೆ. ನಡುನಡುವೆ ಪ್ರೋಟೀನ್ ಪಾನೀಯ. ರಾತ್ರಿ ಇಡಿಯ ದಪ್ಪ ಪಿಜ್ಜಾ, ಆಮೇಲೆ ಬಿಸ್ಕತ್ತು, ಐಸ್‌ಕ್ರೀಮ್, ಮಲಗುವ ಮುನ್ನ ಮತ್ತೊಂದು ಲೋಟ ಪ್ರೋಟೀನ್. ಇದರಲ್ಲಿ ರುಚಿಯ ಮಾತಿಲ್ಲ. ಅಭ್ಯಾಸದಲ್ಲಿ ಕರಗಿದ್ದನ್ನು ತುಂಬಿಸದಿದ್ದರೆ ತೂಕ ಇಳಿಯುತ್ತದೆ, ತೂಕ ಇಳಿದರೆ ಎದುರಿನವನು ಹಿಂದಕ್ಕೆ ದೂಡುತ್ತಾನೆ, ಎರಡು ಪಂದ್ಯದಲ್ಲಿ ಹಾಗಾದರೆ ಕೆಲಸ ಹೋಗುತ್ತದೆ. ಹಸಿವಿಲ್ಲದಿದ್ದರೂ ಉಣ್ಣುವುದು ಇಲ್ಲಿ ನೌಕರಿಯ ಷರತ್ತು.

2018ರ ಮಾರ್ಚ್‌ನಲ್ಲಿ ನಿವೃತ್ತರಾದ ಥಾಮಸ್ ಕೆಲವೇ ತಿಂಗಳಲ್ಲಿ ಸುಮಾರು 50 ಪೌಂಡ್ ಇಳಿಸಿದರು. ಈಜು, ಯೋಗ, ಸೈಕಲ್, ಹೊಟ್ಟೆಗೆ ಕಡಿವಾಣ ಎಲ್ಲವನ್ನೂ ಹಿಡಿದರು. ಪಿಟ್ಸ್‌ಬರ್ಗ್ ಸ್ಟೀಲರ್ಸ್‌ನಲ್ಲಿ ಹೆಸರು ಮಾಡಿದ ಗಾರ್ಡ್ ಅಲನ್ ಫನೇಕಾ ನಿವೃತ್ತಿಯ ಬಳಿಕ ಸುಮಾರು 100 ಪೌಂಡ್ ಕಳೆದುಕೊಂಡು 2014ರಲ್ಲಿ ನ್ಯೂ ಆರ್ಲಿಯನ್ಸ್ ಮ್ಯಾರಥಾನನ್ನು ನಾಲ್ಕು ಗಂಟೆಯೊಳಗೆ ಓಡಿ ಮುಗಿಸಿದರು. ಇವು ಸಂತೋಷದ ಕಥೆಗಳು, ಪತ್ರಿಕೆಗಳಲ್ಲಿ ಮೊದಲಿನ ಮತ್ತು ಈಗಿನ ಚಿತ್ರಗಳನ್ನು ಅಕ್ಕಪಕ್ಕ ಇಟ್ಟು ಅಚ್ಚಾಗುವಂಥವು. ಆದರೆ ಇಳಿಸಲು ಮನಸ್ಸು, ಹಣ, ಗಟ್ಟಿ ಮಂಡಿ ಮೂರೂ ಬೇಕು. ಹತ್ತು ವರ್ಷ ದಿನಕ್ಕೆ ಆರು ಬಾರಿ ಉಂಡು ರೂಢಿಯಾದವನು, ಎರಡು ಮಂಡಿಗಳ ಶಸ್ತ್ರಚಿಕಿತ್ಸೆಯಾದವನು, ನಾಳೆಯಿಂದ ತಂಡದ ಅಡುಗೆಮನೆಯೂ ವ್ಯಾಯಾಮಶಾಲೆಯೂ ಪಥ್ಯತಜ್ಞರೂ ಇಲ್ಲದವನು ಒಬ್ಬಂಟಿಯಾಗಿ ಆ ತೂಕದೊಡನೆ ಮನೆಗೆ ಹೋಗುತ್ತಾನೆ.

ಅಮೆರಿಕದ ಸರ್ಕಾರಿ ಸಂಸ್ಥೆಯಾದ ಔದ್ಯೋಗಿಕ ಸುರಕ್ಷತೆ ಮತ್ತು ಆರೋಗ್ಯ ಸಂಸ್ಥೆ 2012ರಲ್ಲಿ ಪ್ರಕಟಿಸಿದ ಅಧ್ಯಯನ ಇಲ್ಲಿ ನೆನೆಯತಕ್ಕದ್ದು. 1959ರಿಂದ 1988ರ ನಡುವೆ ಕನಿಷ್ಠ ಐದು ಋತು ಆಡಿದ 3,439 ಮಂದಿಯನ್ನು ಅದು ಪರಿಶೀಲಿಸಿತು. ಅವರ ಒಟ್ಟು ಸಾವಿನ ಪ್ರಮಾಣ ಅದೇ ವಯಸ್ಸಿನ ಸಾಮಾನ್ಯ ಅಮೆರಿಕನ್ ಗಂಡಸರಿಗಿಂತ ಗಣನೀಯವಾಗಿ ಕಡಿಮೆಯೇ ಇತ್ತು. ಆಟಗಾರರೆಲ್ಲ ಅಲ್ಪಾಯುಷಿಗಳು ಎಂಬ ಜನಪ್ರಿಯ ನಂಬಿಕೆಯನ್ನು ಅದು ಅಲ್ಲಗಳೆಯಿತು. ಆದರೆ ಆಡುವ ದಿನಗಳಲ್ಲಿ ಎತ್ತರಕ್ಕೆ ಮೀರಿ ತೂಗುತ್ತಿದ್ದವರಲ್ಲಿ ಹೃದ್ರೋಗದಿಂದ ಸಾಯುವ ಅಪಾಯ ಉಳಿದ ಆಟಗಾರರ ಎರಡರಷ್ಟಿತ್ತು. ಆ ಅಧ್ಯಯನದವರು ಆಡಿದ ಕಾಲದಲ್ಲಿ ಲೈನ್‌ಮನ್ ಇಂದಿನವನಿಗಿಂತ ಎಷ್ಟೋ ಹಗುರವಾಗಿದ್ದ ಎಂಬುದನ್ನು ಮರೆಯಬಾರದು. 140 ಕಿಲೋದ ಪೀಳಿಗೆಗೆ ಅರವತ್ತು, ಎಪ್ಪತ್ತು ವರ್ಷ ಆಗುವುದು ಇನ್ನು ಮುಂದೆ.

ಹೃದಯಕ್ಕಿಂತ ಹೆಚ್ಚು ಚರ್ಚೆಯಾದದ್ದು ಮಿದುಳು, ಮತ್ತು ಆ ಚರ್ಚೆ ಆರಂಭವಾದದ್ದೇ ಒಬ್ಬ ಲೈನ್‌ಮನ್‌ನಿಂದ. ಮೈಕ್ ವೆಬ್‌ಸ್ಟರ್ ವಿಸ್ಕಾನ್ಸಿನ್‌ನ ಟೊಮಾಹಾಕ್ ಎಂಬ ಊರಿನವರು, ಥಾಮಸ್ ಆಡಿದ ವಿಶ್ವವಿದ್ಯಾಲಯಕ್ಕೇ ಅವರಿಗಿಂತ ಮೂರು ದಶಕ ಮೊದಲು ಆಡಿದವರು. 1974ರಿಂದ 15 ಋತು ಸ್ಟೀಲರ್ಸ್‌ನ ಸೆಂಟರ್ ಆಗಿ ನಾಲ್ಕು ಸೂಪರ್‌ಬೌಲ್ ಗೆದ್ದರು, ಆಮೇಲೆ ಎರಡು ಋತು ಕ್ಯಾನ್ಸಸ್ ಸಿಟಿಯಲ್ಲಿ ಆಡಿದರು. ತೂಕ 116 ಕಿಲೋ ಆಸುಪಾಸು; ಚಳಿಗಾಲದಲ್ಲೂ ಬರಿತೋಳಿನಲ್ಲೇ ಆಡುತ್ತಿದ್ದರು. ಸೆಂಟರ್ ಚೆಂಡನ್ನು ಹಿಂದಕ್ಕೆ ಕೊಟ್ಟ ಮರುಕ್ಷಣವೇ ತಲೆಯೆತ್ತುವಷ್ಟರಲ್ಲಿ ಎದುರಿನವನ ಹೊಡೆತ ಬಿದ್ದಿರುತ್ತದೆ, ಪಂದ್ಯದಲ್ಲಿ ಅರವತ್ತು ಸಲ. ಪ್ರಜ್ಞೆ ತಪ್ಪಿಸುವಂಥ ಒಂದು ಭಾರೀ ಏಟಿಗಿಂತ, ಯಾರೂ ಗಮನಿಸದ ಇಂಥ ಸಣ್ಣ ಏಟುಗಳ ರಾಶಿಯೇ ಹೆಚ್ಚು ಕೆಡುಕು ಮಾಡುತ್ತದೆಂದು ಇಂದು ಸಂಶೋಧಕರು ಹೇಳುತ್ತಾರೆ. ನಿವೃತ್ತಿಯ ಬಳಿಕ ವೆಬ್‌ಸ್ಟರ್ ಅವರ ನೆನಪು, ಮಾತು, ಮನಸ್ಸು ಒಂದೊಂದಾಗಿ ಕೆಟ್ಟವು. ಹಣ ಕರಗಿತು, ಸಂಸಾರ ಒಡೆಯಿತು, ಕೆಲವು ರಾತ್ರಿಗಳನ್ನು ಅವರು ತಮ್ಮ ಟ್ರಕ್ಕಿನಲ್ಲೇ ಕಳೆದರು. 2002ರ ಸೆಪ್ಟೆಂಬರ್ 24ರಂದು 50ನೇ ವಯಸ್ಸಿನಲ್ಲಿ ತೀರಿಕೊಂಡರು.

ಪಿಟ್ಸ್‌ಬರ್ಗ್‌ನ ಶವಾಗಾರದಲ್ಲಿ ಅವರ ದೇಹವನ್ನು ಪರೀಕ್ಷಿಸಿದವರು ನೈಜೀರಿಯಾ ಮೂಲದ ವೈದ್ಯ ಬೆನೆಟ್ ಒಮಾಲು. ಮೇಲ್ನೋಟಕ್ಕೆ ಮಿದುಳು ಸರಿಯಾಗಿಯೇ ಕಂಡಿತು. ಒಮಾಲು ಅದನ್ನು ಅಲ್ಲಿಗೆ ಬಿಡದೆ ತೆಳು ಪದರಗಳಾಗಿ ಕೊಯ್ಯಿಸಿ ನೋಡಿದಾಗ ಟಾವ್ ಎಂಬ ಪ್ರೋಟೀನ್ ಗಂಟುಗಂಟಾಗಿ ಕೂಡಿಕೊಂಡಿತ್ತು. ತಲೆಗೆ ಪದೇಪದೇ ಬೀಳುವ ಏಟಿನಿಂದ ಬರುವ ಈ ಮಿದುಳಿನ ರೋಗಕ್ಕೆ ಸಿಟಿಇ ಎಂಬ ಸಂಕ್ಷಿಪ್ತ ಹೆಸರಿದೆ. ಬಾಕ್ಸರ್‌ಗಳಲ್ಲಿ ಹಿಂದೆಯೇ ಕಂಡದ್ದು. 2005ರಲ್ಲಿ ಅವರ ಪ್ರಬಂಧ ಪ್ರಕಟವಾದಾಗ ಲೀಗ್‌ನ ಸಮಿತಿಯ ವೈದ್ಯರು ಅದನ್ನು ಹಿಂಪಡೆಯಬೇಕೆಂದು ಆ ವೈದ್ಯಕೀಯ ಪತ್ರಿಕೆಗೆ ಬರೆದರು, ಪತ್ರಿಕೆ ಒಪ್ಪಲಿಲ್ಲ. ಇದರಲ್ಲಿ ನನ್ನನ್ನು ಹೆಚ್ಚು ಕಾಡುವುದು ಇನ್ನೊಂದು ದಾಖಲೆ. ಆಟದಿಂದಲೇ ವೆಬ್‌ಸ್ಟರ್ ಅವರ ಮಿದುಳಿಗೆ ಹಾನಿಯಾಗಿದೆ ಎಂಬುದನ್ನು ಲೀಗ್‌ನ ನಿವೃತ್ತಿ ಮಂಡಳಿಯೇ 1999ರಲ್ಲಿ ಒಪ್ಪಿ ಅಂಗವಿಕಲ ಭತ್ಯೆ ಮಂಜೂರು ಮಾಡಿತ್ತು. ಯಾವ ವರ್ಷದಿಂದ ಕೊಡಬೇಕೆಂಬ ತಕರಾರು ಮಾತ್ರ ಅವರು ಸತ್ತು ನಾಲ್ಕು ವರ್ಷವಾದ ಮೇಲೆ, 2006ರಲ್ಲಿ ಮೇಲ್ಮನವಿ ನ್ಯಾಯಾಲಯದಲ್ಲಿ ಕುಟುಂಬದ ಪರವಾಗಿ ತೀರ್ಮಾನವಾಯಿತು. ಫುಟ್‌ಬಾಲ್‌ಗೂ ಸಿಟಿಇಗೂ ನಂಟಿದೆ ಎಂದು ಲೀಗ್‌ನ ಅಧಿಕಾರಿಯೊಬ್ಬರು ಸಂಸತ್ತಿನ ಸಮಿತಿಯೆದುರು ಬಾಯಿಬಿಟ್ಟು ಹೇಳಲು 2016ರ ಮಾರ್ಚ್‌ವರೆಗೆ ಕಾಯಬೇಕಾಯಿತು.

2017ರ ಜುಲೈನಲ್ಲಿ ಬಾಸ್ಟನ್ ವಿಶ್ವವಿದ್ಯಾಲಯದ ಸಂಶೋಧಕರು ತಾವು ಪರೀಕ್ಷಿಸಿದ 111 ಮಾಜಿ ವೃತ್ತಿಪರ ಆಟಗಾರರ ಮಿದುಳುಗಳಲ್ಲಿ 110ರಲ್ಲಿ ಸಿಟಿಇ ಕಂಡಿತೆಂದು ಪ್ರಕಟಿಸಿದರು. ಅವು ಹೆಚ್ಚಾಗಿ ಲಕ್ಷಣಗಳನ್ನು ಕಂಡ ಕುಟುಂಬಗಳು ದಾನವಾಗಿ ಕೊಟ್ಟ ಮಿದುಳುಗಳು. ಎಲ್ಲ ಆಟಗಾರರಿಗೂ ಆ ಪ್ರಮಾಣವನ್ನು ಅನ್ವಯಿಸುವುದು ತಪ್ಪು, ಇದನ್ನು ಸಂಶೋಧಕರೇ ಹೇಳಿದ್ದಾರೆ. ಆ ವರದಿ ಬಂದ ಎರಡೇ ದಿನಕ್ಕೆ ಬಾಲ್ಟಿಮೋರ್ ರೇವನ್ಸ್‌ನ ಲೈನ್‌ಮನ್ ಜಾನ್ ಅರ್ಶೆಲ್ 26ನೇ ವಯಸ್ಸಿನಲ್ಲಿ, ಮೂರು ಋತು ಆಡಿ ನಿವೃತ್ತಿ ಘೋಷಿಸಿದರು. ಅವರು ಆಡುತ್ತಲೇ ಎಂಐಟಿಯಲ್ಲಿ ಗಣಿತದ ಡಾಕ್ಟರೇಟ್‌ಗೆ ಓದುತ್ತಿದ್ದವರು. 2015ರಲ್ಲಿ ಅಭ್ಯಾಸದ ವೇಳೆ ತಲೆಗೆ ಪೆಟ್ಟಾದಾಗ ಆಟಕ್ಕೆ ಮರಳಲು ಮೂರು ವಾರ ಸಾಕಾಯಿತು, ಕ್ಲಿಷ್ಟ ಗಣಿತವನ್ನು ಮನಸ್ಸಿನಲ್ಲಿ ಚಿತ್ರಿಸಿಕೊಳ್ಳುವ ಶಕ್ತಿ ಮರಳಲು ಅದಕ್ಕಿಂತ ಹೆಚ್ಚು ಕಾಲ ಹಿಡಿಯಿತು ಎಂದು ಅವರು ಹೇಳಿಕೊಂಡಿದ್ದರು. ಮಿದುಳಿನ ಕೊರತೆಯನ್ನು ಅಷ್ಟು ಸೂಕ್ಷ್ಮವಾಗಿ ಅಳೆಯಬಲ್ಲ ಸಾಧನ ಅವರ ಬಳಿ ಇತ್ತು. ಸಾಲಿನಲ್ಲಿ ಅವರ ಪಕ್ಕದಲ್ಲಿ ನಿಂತವರಿಗೆ ಅದು ಇಲ್ಲ.

ಏನೂ ಬದಲಾಗಿಲ್ಲ ಎನ್ನುವುದು ಅನ್ಯಾಯವಾದೀತು. ಲೀಗ್ ಮತ್ತು ಆಟಗಾರರ ಸಂಘದ ನಡುವಿನ 2011ರ ಒಪ್ಪಂದದ ಪ್ರಕಾರ ಋತುವಿನಲ್ಲಿ ರಕ್ಷಾಕವಚ ತೊಟ್ಟು ನಡೆಸುವ ಅಭ್ಯಾಸಗಳು 14ಕ್ಕೆ ಇಳಿದವು. ಒಬ್ಬ ಎದೆಮಟ್ಟದಲ್ಲಿ ತಡೆದಿರುವಾಗ ಇನ್ನೊಬ್ಬ ಅದೇ ಎದುರಾಳಿಯ ಮಂಡಿಗೆ ಹೊಡೆಯುವ ತಂತ್ರವನ್ನು 2016ರಲ್ಲಿ ನಿಷೇಧಿಸಲಾಯಿತು. 2022ರಿಂದ ತರಬೇತಿ ಶಿಬಿರದಲ್ಲಿ ಲೈನ್‌ಮನ್‌ಗಳು ಹೆಲ್ಮೆಟ್ ಮೇಲೆ ಗಾರ್ಡಿಯನ್ ಕ್ಯಾಪ್ ಎಂಬ ಮೆತ್ತನೆಯ ಹೊದಿಕೆ ಹಾಕುವುದು ಕಡ್ಡಾಯವಾಯಿತು, 2024ರಿಂದ ಬಯಸಿದವರು ಪಂದ್ಯದಲ್ಲೂ ಹಾಕಬಹುದು. ಮಾಜಿ ಆಟಗಾರರು ಹೂಡಿದ ದಾವೆಯಲ್ಲಿ 2015ರಲ್ಲಿ ಅಂತಿಮವಾಗಿ ಅನುಮೋದನೆಯಾದ ಪರಿಹಾರದಿಂದ 100 ಕೋಟಿ ಡಾಲರ್‌ಗೂ ಹೆಚ್ಚು ಹಣ ಸಂದಿದೆ. ಅದರಲ್ಲೂ ಒಂದು ಕಲೆ ಉಳಿದಿತ್ತು. ಮಿದುಳಿನ ಸಾಮರ್ಥ್ಯ ಎಷ್ಟು ಕುಂದಿದೆ ಎಂದು ಅಳೆಯುವಾಗ ಕಪ್ಪುಜನರಿಗೆ ಮೊದಲಿನಿಂದಲೇ ಕಡಿಮೆ ಮಟ್ಟವನ್ನು ಊಹಿಸುವ ಲೆಕ್ಕವನ್ನು ಬಳಸಲಾಗುತ್ತಿತ್ತು. ಆಟಗಾರರಲ್ಲಿ ಬಹುಸಂಖ್ಯಾತರೇ ಕಪ್ಪುಜನರಾಗಿರುವ ಲೀಗ್‌ನಲ್ಲಿ ಅದನ್ನು ಕೈಬಿಡುವ ಒಪ್ಪಿಗೆ ಬಂದದ್ದು 2021ರಲ್ಲಿ.

ಈ ನಡುವೆ ಲೀಗ್ 2021ರಲ್ಲಿ ಋತುವನ್ನು 16ರಿಂದ 17 ಪಂದ್ಯಗಳಿಗೆ ಏರಿಸಿತು, 18ಕ್ಕೆ ಏರಿಸುವ ಬಯಕೆಯನ್ನು ಆಯುಕ್ತ ರೋಜರ್ ಗುಡೆಲ್ ಬಹಿರಂಗವಾಗಿಯೇ ಹೇಳಿದ್ದಾರೆ. ಪೂರ್ವಭಾವಿ ಪಂದ್ಯವೊಂದನ್ನು ಕಡಿಮೆ ಮಾಡುತ್ತೇವಲ್ಲ, ಒಟ್ಟು ಸಮವಾಗುತ್ತದೆ ಎಂಬುದು ಅವರ ಸಮಜಾಯಿಷಿ. ಪೂರ್ವಭಾವಿ ಪಂದ್ಯಗಳಲ್ಲಿ ನುರಿತ ಲೈನ್‌ಮನ್ ಹೆಚ್ಚಾಗಿ ಪಕ್ಕದಲ್ಲಿ ಕೂತಿರುತ್ತಾನೆ; ನಿಜವಾದ ಪಂದ್ಯದಲ್ಲಿ ಒಂದು ಸ್ನ್ಯಾಪನ್ನೂ ಬಿಡದೆ ನಿಲ್ಲುತ್ತಾನೆ. ಬದಲಿ ಆಟಗಾರರಿರುವ ಜಾಗಗಳಿಗೆ ಆ ಸಮಜಾಯಿಷಿ ಸ್ವಲ್ಪ ಹೊಂದೀತು, ಈ ಐವರಿಗೆ ಹೊಂದುವುದಿಲ್ಲ. ಅವರಿಗೆ 18ನೇ ಪಂದ್ಯವೆಂದರೆ ಇನ್ನೂ ಅರವತ್ತು, ಎಪ್ಪತ್ತು ಡಿಕ್ಕಿ.

ಮೂರು ಋತು ಪೂರೈಸಿದ ಆಟಗಾರನಿಗೆ ನಿವೃತ್ತಿಯ ಬಳಿಕ ಐದು ವರ್ಷ ಲೀಗ್‌ನ ಆರೋಗ್ಯ ವಿಮೆ ಇರುತ್ತದೆ, ಅದರ ಜತೆಗೆ ವೈದ್ಯಕೀಯ ವೆಚ್ಚಕ್ಕೆಂದು ಪ್ರತ್ಯೇಕ ಖಾತೆಯಲ್ಲಿ ಒಂದಿಷ್ಟು ಹಣ. ಆಟ ಬಿಡುವ ಲೈನ್‌ಮನ್‌ಗೆ ಮೂವತ್ತು, ಮೂವತ್ತೈದು ವಯಸ್ಸು. ಹೃದಯದ ತೊಂದರೆಯೂ ಮಿದುಳಿನದೂ ತಲೆಯೆತ್ತುವುದು ಬಹುಪಾಲು ಅದಾಗಿ ಹತ್ತಿಪ್ಪತ್ತು ವರ್ಷಕ್ಕೆ. ವಿಮೆ ಇರುವುದು ರೋಗ ಬಾರದ ವರ್ಷಗಳಿಗೆ. ತೂಕ ಏರಿಸುವುದು ಉದ್ಯೋಗದ ಷರತ್ತಾಗಿದ್ದರೆ ಅದನ್ನು ಇಳಿಸುವುದೂ ಉದ್ಯೋಗದಾತನ ಹೊಣೆಯಾಗಬೇಕು. ಪಥ್ಯತಜ್ಞರು, ಹೃದಯ ತಪಾಸಣೆ, ಮಂಡಿಯ ಚಿಕಿತ್ಸೆ ಇವನ್ನು ಐದು ವರ್ಷಕ್ಕೆ ನಿಲ್ಲಿಸದೆ ಜೀವಮಾನವಿಡೀ ಕೊಡಬೇಕು. ಒಬ್ಬ ಟ್ಯಾಕಲ್‌ಗೆ ವರ್ಷಕ್ಕೆ 250 ಕೋಟಿ ರೂಪಾಯಿ ಕೊಡುವಷ್ಟು ಹಣವಿರುವ ಉದ್ಯಮಕ್ಕೆ ಅದು ಹೊರೆಯಾಗುತ್ತದೆಂದು ನಾನು ಒಪ್ಪಲಾರೆ. ಈಗಿನ ಒಪ್ಪಂದ 2030ರ ಋತುವಿನವರೆಗೆ ಇದೆ. 18ನೇ ಪಂದ್ಯಕ್ಕೆ ಆಟಗಾರರ ಒಪ್ಪಿಗೆ ಬೇಕಿರುವುದರಿಂದ, ಸಂಘ ಈ ಬೇಡಿಕೆಯನ್ನು ಮೇಜಿನ ಮೇಲಿಡಲು ಅದಕ್ಕಿಂತ ಒಳ್ಳೆಯ ಹೊತ್ತು ಬಾರದು.

2028ರ ಲಾಸ್ ಏಂಜಲೀಸ್ ಒಲಿಂಪಿಕ್ಸ್‌ನಲ್ಲಿ ಕ್ರಿಕೆಟ್ ಜತೆಗೆ ಫ್ಲ್ಯಾಗ್ ಫುಟ್‌ಬಾಲ್ ಕೂಡ ಇರುತ್ತದೆ. ಐವರ ತಂಡ, ಸೊಂಟದ ಪಟ್ಟಿ ಕಿತ್ತರೆ ಓಟ ನಿಂತಂತೆ, ಮೈಗೆ ಮೈ ತಾಗಿಸುವಂತಿಲ್ಲ. ಭಾರತದಲ್ಲಿ ಬಹುಮಂದಿ ಈ ಆಟವನ್ನು ಮೊದಲ ಬಾರಿ ನೋಡುವುದು ಆ ರೂಪದಲ್ಲೇ ಇರಬಹುದು. ಅದರಲ್ಲಿ ಕ್ವಾರ್ಟರ್‌ಬ್ಯಾಕ್ ಇದ್ದಾನೆ, ಓಡುವವರು, ಹಿಡಿಯುವವರು ಇದ್ದಾರೆ. ಮೈಯೊಡ್ಡಿ ತಡೆಯುವ ಸಾಲು ಇಲ್ಲ.

ಕ್ಲೀವ್‌ಲ್ಯಾಂಡ್‌ನಿಂದ ಕಾರಿನಲ್ಲಿ ಒಂದು ಗಂಟೆ ಹೋದರೆ ಕ್ಯಾಂಟನ್ ಎಂಬ ಊರು ಸಿಗುತ್ತದೆ. ಫುಟ್‌ಬಾಲ್‌ನ ಹಾಲ್ ಆಫ್ ಫೇಮ್, ಅಂದರೆ ಮಹಾನ್ ಆಟಗಾರರ ಸ್ಮಾರಕ ಭವನ, ಅಲ್ಲಿದೆ. ಅಲ್ಲಿಗೆ ಆಯ್ಕೆಯಾಗಲು ನಿವೃತ್ತಿಯ ಬಳಿಕ ಐದು ವರ್ಷ ಕಾಯಬೇಕು, ವಿಮೆ ತೀರುವುದಕ್ಕೂ ಅಷ್ಟೇ ವರ್ಷ. ಥಾಮಸ್ ಅವರ ಕಂಚಿನ ಮುಖ 2023ರಲ್ಲಿ ಅಲ್ಲಿ ಸೇರಿತು. ವೆಬ್‌ಸ್ಟರ್ ಅವರದು 1997ರಿಂದಲೂ ಇದೆ. ಆ ದಿನ ವೆಬ್‌ಸ್ಟರ್ ಅವರನ್ನು ಸಭೆಗೆ ಪರಿಚಯಿಸಿದವರು ಅವರ ಹಳೆಯ ಕ್ವಾರ್ಟರ್‌ಬ್ಯಾಕ್ ಟೆರ್ರಿ ಬ್ರಾಡ್‌ಶಾ. ಮಾತು ಮುಗಿಸಿದ ಬ್ರಾಡ್‌ಶಾ ಚೆಂಡು ತರಿಸಿ, ಇನ್ನೊಂದೇ ಒಂದು ಸಲ ಎಂದು ಕೇಳಿದರು. ವೆಬ್‌ಸ್ಟರ್ ವೇದಿಕೆಯ ಮೇಲೆ ಬಗ್ಗಿ ಕಾಲುಗಳ ನಡುವಿನಿಂದ ಚೆಂಡನ್ನು ಅವರ ಕೈಗೆ ಕೊಟ್ಟರು. ಆಗ ಅವರಿಗೆ 45 ವರ್ಷ. ಜೋ ಥಾಮಸ್ ಅವರಿಗೆ 45 ತುಂಬುವುದು 2029ರ ಡಿಸೆಂಬರ್‌ನಲ್ಲಿ.